ಎರಡನೇ ಬದಿಯ ಕೊನೆಯ ಹಾಡು

ಚಳಿಗಾಲವಿಡೀ ಎಮಿಲ್ ಹುಡಾಕನ ಬಲಗಾಲು ನಿಧಾನವಾಗಿತ್ತು. ಈ ಸಂಗತಿ ಲೋಕದಲ್ಲಿ ತನಗೊಬ್ಬನಿಗೇ ಗೊತ್ತು ಎಂದು ಅವನು ನಂಬಿದ್ದ. ಡ್ರಮ್ಮು ಬಾರಿಸುವವನ ಬಲಗಾಲು ಮನೆಯ ಗೋಡೆಗಡಿಯಾರದ ಹಾಗೆ. ಅದು ಹಿಂದೆ ಬಿದ್ದರೆ ಮನೆಮಂದಿಯೆಲ್ಲ ಅದರ ಜೊತೆಗೇ ಹಿಂದೆ ಬಿದ್ದು, ಹೊತ್ತಿಗೆ ಸರಿಯಾಗಿ ಉಂಡೆವು ಎಂದುಕೊಳ್ಳುತ್ತಾರೆ. ಹೊರಗಿನವನೊಬ್ಬ ಬಂದು ತನ್ನ ಕೈಗಡಿಯಾರ ನೋಡಿಕೊಳ್ಳುವ ತನಕ ಯಾರಿಗೂ ಏನೂ ತಿಳಿಯುವುದಿಲ್ಲ. ಆ ಹೊರಗಿನವನು ಇವತ್ತು ಕ್ಲೀವ್‌ಲ್ಯಾಂಡಿನಲ್ಲಿ ಕಾದು ಕೂತಿದ್ದ. ಯಂಗ್ಸ್‌ಟೌನಿನಿಂದ ಹೊರಟ ವ್ಯಾನಿನ ಮುಂದಿನ ಸೀಟಿನಲ್ಲಿ ಎಮಿಲ್ ಟೇಪಿನ ಎರಡು ಡಬ್ಬಿಗಳನ್ನು ತೊಡೆಯ ಮೇಲಿಟ್ಟುಕೊಂಡು, ಹಳ್ಳ ಬಂದಾಗಲೆಲ್ಲ ಎರಡೂ ಕೈಯಿಂದ ಅದುಮಿ ಹಿಡಿಯುತ್ತಿದ್ದ. ವಾರ್ಮ್ ರಿವರ್ ಎಂಬ ಮೂವರ ತಂಡದ ಎರಡನೇ ಆಲ್ಬಮ್ ಅದರೊಳಗಿತ್ತು. ವ್ಯಾನು ಓಡಿಸುತ್ತಿದ್ದ ಡಾಮ್ ವಿಟುಲ್ಲೊ ತಂಡದ ಗಾಯಕ, ಗಿಟಾರು ನುಡಿಸುವವ, ಮತ್ತು ತನ್ನದೇ ಎಣಿಕೆಯಲ್ಲಿ ತಂಡದ ಮುಖ. ಕೋಳಿ ಮೊಟ್ಟೆಯ ಮೇಲೆ ಕಾವು ಕೂತ ಹಾಗೆ ಕೂತಿದೀಯಲ್ಲೋ ಎಂದು ಅವನು ನಕ್ಕ. ಹಿಂದೆ ಕಾಲು ಚಾಚಿ ಮಲಗಿದ್ದ ಬಾಸ್ ಗಿಟಾರಿನ ಲೊವೆಲ್ ಪ್ರೂಯಿಟ್ ನಗಲಿಲ್ಲ. ಅವನು ವೆಸ್ಟ್ ವರ್ಜೀನಿಯಾದ ಗುಡ್ಡದ ಕಡೆಯವನು. ಆ ಕಡೆಯವರು ಒಂದು ತಮಾಷೆಗೆ ನಗಬೇಕೋ ಬೇಡವೋ ಎಂದು ತೀರ್ಮಾನಿಸುವಷ್ಟರಲ್ಲಿ ಮುಂದಿನ ಊರು ಬಂದಿರುತ್ತದೆ.

ರಸ್ತೆಯ ಎರಡೂ ಬದಿಗೆ ಮಾರ್ಚಿನ ಮಾಸಿದ ಹಿಮ ಸಾಲಾಗಿ ಬಿದ್ದಿತ್ತು. ಗುರುವಾರ. ಅಮ್ಮ ಬೆಳಿಗ್ಗೆಯೇ ಚರ್ಚಿನ ನೆಲಮಾಳಿಗೆಗೆ ಹೋಗಿದ್ದಾಳೆ ಎಂಬುದು ಎಮಿಲನಿಗೆ ನೆನಪಾಯಿತು, ಅಥವಾ ಮರೆತೇ ಇರಲಿಲ್ಲ. ಈಸ್ಟರಿಗೆ ಮುಂಚಿನ ತಪಸ್ಸುಕಾಲದ ಶುಕ್ರವಾರಗಳಲ್ಲಿ ಊರಿಗೆ ಊರೇ ಮಾಂಸ ಬಿಟ್ಟು ಪಿರೋಹಿಗೆ ಸಾಲು ನಿಲ್ಲುತ್ತದೆ; ಆಲೂಗಡ್ಡೆ ತುಂಬಿ ಅಂಚೊತ್ತಿ ಬೇಯಿಸಿದ ಆ ಕಡುಬುಗಳನ್ನು ಸ್ಲೋವಾಕ್ ಹೆಂಗಸರು ಹಿಂದಿನ ದಿನವೇ ಮಾಡಿಡಬೇಕು. ಉದ್ದನೆ ಹಲಗೆಗಳ ಆಚೀಚೆ ಕೂತ ಆ ಹೆಂಗಸರಿಗೆಲ್ಲ ಅಮ್ಮ ಕಳೆದ ತಿಂಗಳೇ ಹೇಳಿಬಿಟ್ಟಿದ್ದಳು: ನಮ್ಮ ಎಮಿಲ್ ಒಂದು ಹಾಡು ಬರೆದಿದ್ದಾನೆ, ಅವನೇ ಹಾಡಿದ್ದಾನೆ, ನ್ಯೂಯಾರ್ಕಿನವರು ಅದನ್ನು ರೆಕಾರ್ಡು ಮಾಡಿ ಅಂಗಡಿಯಲ್ಲಿ ಇಡುತ್ತಾರೆ, ಹಾಡು ನಿಮ್ಮ ಮೇಲೆಯೇ. ಕೊನೆಯ ಮಾತನ್ನು ಅವಳು ಹೇಳಬಾರದಿತ್ತು. ಶಾಲೆ ಬಿಟ್ಟ ಮೇಲೆ ಅವನು ಅದೇ ಹಲಗೆಗಳ ಕೆಳಗೆ, ಊದಿದ ಕಾಲುಗಳ, ಮಡಿಸಿದ ಉಣ್ಣೆಯ ಕಾಲುಚೀಲಗಳ ನಡುವೆ ಕೂತು ಬೆಳೆದವನು. ತಲೆಯ ಮೇಲೆ ಲಟ್ಟಣಿಗೆ ಎರಡು ಸಲ ಹಾಯುತ್ತಿತ್ತು, ಹಿಟ್ಟು ಕತ್ತರಿಸುವ ಲೋಟ ಒಂದು ಸಲ ಕುಟ್ಟುತ್ತಿತ್ತು, ಆಮೇಲೆ ಒಂದು ಬಿಡುವು. ಆ ಬಿಡುವಿನಲ್ಲಿ ಬೆರಳುಗಳು ಅಂಚನ್ನು ಒತ್ತುತ್ತಿದ್ದವು. ಒತ್ತುವ ಬೆರಳಿಗೆ ಶಬ್ದವಿಲ್ಲ. ಆದರೂ ಅದು ಕೇಳಿಸುತ್ತಿತ್ತು. ‘ಗುರುವಾರದ ಕೈಗಳು’ ಎಂಬ ಅವನ ಒಂದೇ ಒಂದು ಹಾಡು ಆ ಶಬ್ದವಿಲ್ಲದ ಬಿಡುವಿನ ಮೇಲೆ ನಿಂತಿತ್ತು. ಇದನ್ನು ಅವನು ಡಾಮ್‌ಗೆ ವಿವರಿಸಲು ಹೋದಾಗ ಡಾಮ್ ಒಳ್ಳೆಯ ಮನಸ್ಸಿನಿಂದಲೇ, ಕಡುಬಿನ ಮೇಲೆ ಹಾಡು ಬರೆದ ಮೊದಲನೆಯವನು ನೀನೇ ಇರಬೇಕು ಎಂದಿದ್ದ.

ಸೇತುವೆಯ ಮೇಲಿನಿಂದ ಹೆಲ್ಮೆಟ್ಟು ಎಸೆದದ್ದು ಡಾಮ್‌ನದೇ ಯೋಚನೆ. ಮೊದಲ ಆಲ್ಬಮ್ಮಿಗೆ ಕಂಪನಿಯವರು ಸಹಿ ಹಾಕಿಸಿಕೊಂಡ ವಾರ ಡಾಮ್, ಎಮಿಲ್ ಇಬ್ಬರೂ ಉಕ್ಕಿನ ಕಾರ್ಖಾನೆಗೆ ರಾಜೀನಾಮೆ ಕೊಟ್ಟು, ಮಾರ್ಕೆಟ್ ಸ್ಟ್ರೀಟಿನ ಸೇತುವೆಯ ಮೇಲೆ ನಿಂತು, ತಮ್ಮ ಹೆಲ್ಮೆಟ್ಟುಗಳನ್ನು ಮಹೋನಿಂಗ್ ನದಿಗೆ ಎಸೆದಿದ್ದರು. ಕಾರ್ಖಾನೆಗಳು ಕಕ್ಕುವ ಬಿಸಿನೀರಿಗೆ ಎಂಥ ಚಳಿಯಲ್ಲೂ ಹೆಪ್ಪುಗಟ್ಟದ ನದಿ ಅದು. ಬೆಚ್ಚನೆಯ ನದಿ ಎಂಬ ತಂಡದ ಹೆಸರೂ ಅಲ್ಲಿಂದಲೇ ಬಂದದ್ದು. ಹೆಲ್ಮೆಟ್ಟುಗಳು ಮುಳುಗಲಿಲ್ಲ, ಮಗುಚಿದ ಬಟ್ಟಲುಗಳ ಹಾಗೆ ಒಂದರ ಹಿಂದೆ ಒಂದು ಹಬೆಯೊಳಗೆ ತೇಲಿಹೋದವು. ಡಾಮ್ ಅಳುತ್ತಿದ್ದ. ಎಮಿಲನಿಗೂ ಅಳು ಬಂದಂತಾಗಿತ್ತು, ಆದರೆ ಅವನ ಒಳಗೆ ಯಾರೋ ಒಬ್ಬ ತಣ್ಣಗೆ ನಿಂತು, ಒಳ್ಳೆಯ ಹೆಲ್ಮೆಟ್ಟು, ಪಟ್ಟಿ ಇನ್ನೂ ಸವೆದಿರಲಿಲ್ಲ ಎಂದು ಲೆಕ್ಕ ಹಾಕುತ್ತಿದ್ದ. ಆ ಒಳಗಿನವನೇ ಮೊದಲ ಆಲ್ಬಮ್ ಸದ್ದಿಲ್ಲದೆ ಮುಳುಗಿದ ಮೇಲೆ, ಕ್ರಿಸ್‌ಮಸ್ ಕಳೆದದ್ದೇ, ಕಾರ್ಖಾನೆಯ ಮೇಸ್ತ್ರಿ ಮೆಕ್‌ಕ್ರೆಡಿಯ ಬಾಗಿಲಿಗೆ ಹೋಗಿ ನಿಂತದ್ದು. ಹೊಟ್ಟೆಗಿಲ್ಲದೆ ಹೋದದ್ದಲ್ಲ. ಹಾಗಿದ್ದರೆ ಮರ್ಯಾದೆ ಇರುತ್ತಿತ್ತು. ಡಾಮ್‌ನಲ್ಲಿ, ಈ ಹಾಡುಗಳಲ್ಲಿ, ತನ್ನ ಕಾಲಿನಲ್ಲಿ ನಂಬಿಕೆಯಿಲ್ಲದೆ ಹೋದದ್ದು. ಮೆಕ್‌ಕ್ರೆಡಿ ಏನೂ ಕೇಳದೆ ಕಪಾಟಿನಿಂದ ಒಂದು ಹಸಿರು ಹೆಲ್ಮೆಟ್ಟು ತೆಗೆದುಕೊಟ್ಟ. ಹಸಿರು ಹೊಸಬರದು. ಆರು ವರ್ಷ ಕುಲುಮೆಯ ಮುಂದೆ ನಿಂತವನು ಹೈಸ್ಕೂಲು ಬಿಟ್ಟು ಬಂದ ಹುಡುಗರ ಜೊತೆ ಹಸಿರು ತಲೆಯಲ್ಲಿ ನಿಂತ.

ರಾತ್ರಿಪಾಳಿ ಮುಗಿಸಿ, ಮುಖ ತೊಳೆದು, ನೇರವಾಗಿ ಸ್ಟುಡಿಯೋಗೆ ಹೋಗಿ ಡ್ರಮ್ಮಿನ ಹಿಂದೆ ಕೂರುತ್ತಿದ್ದ. ವಿಚಿತ್ರವೆಂದರೆ ಆಗ ಅವನಿಗೆ ತಾನು ಓಡುತ್ತಿದ್ದೇನೆ ಎನಿಸುತ್ತಿತ್ತು. ದಣಿದ ಮೈಗೆ ತನ್ನ ನಡಿಗೆಯೇ ಓಟ. ಮನೆಗೆ ಬಂದು ಕಣ್ಣು ಮುಚ್ಚಿದಾಗ ಮಾತ್ರ ಒಂದೊಂದು ಏಟೂ ತನ್ನ ಜಾಗಕ್ಕೆ ಸ್ವಲ್ಪ ತಡವಾಗಿ, ಸಭೆಗೆ ತಡವಾಗಿ ಬಂದವನು ಹಿಂದಿನ ಬೆಂಚಿಗೆ ಬಗ್ಗಿ ನುಸುಳುವ ಹಾಗೆ, ನುಸುಳಿ ಕೂರುತ್ತಿದ್ದುದು ಕೇಳಿಸುತ್ತಿತ್ತು. ನಾಳೆ ಹೇಳೋಣ, ಇನ್ನೊಮ್ಮೆ ಬಾರಿಸೋಣ ಎಂದುಕೊಳ್ಳುತ್ತಿದ್ದ. ನಾಳೆ ಹೇಳಬೇಕಾದರೆ ಹೆಲ್ಮೆಟ್ಟಿನ ಬಣ್ಣವನ್ನೂ ಹೇಳಬೇಕಾಗುತ್ತಿತ್ತು.

ಕ್ಲೀವ್‌ಲ್ಯಾಂಡಿನಲ್ಲಿ ಟೇಪಿನ ಹಾಡನ್ನು ತಟ್ಟೆಗಿಳಿಸಿ ರೆಕಾರ್ಡು ಕೊರೆಯುವ ಆರ್ನೆಸನ್ ಅರವತ್ತು ದಾಟಿದವನು. ಬಿಳಿ ಕೋಟು ಹಾಕಿಕೊಂಡಿದ್ದ; ಅದರ ಜೇಬಿನಲ್ಲಿ ಅರ್ಧ ತಿಂದ ಸ್ಯಾಂಡ್‌ವಿಚ್ಚಿತ್ತು. ಹಾಡು ಕೇಳುವಾಗ ಅವನ ಮುಖದಲ್ಲಿ ಯಾವ ಭಾವವೂ ಕಾಣುತ್ತಿರಲಿಲ್ಲ. ದಿನವಿಡೀ ಪರರ ಹಲ್ಲು ನೋಡುವ ವೈದ್ಯನಿಗೆ ನಗು ಕಾಣಿಸದು. ಮೊದಲನೇ ಬದಿ ಮುಗಿದಾಗ ಸರಿ ಎಂದ. ಎರಡನೇ ಬದಿ ಮುಗಿದಾಗ ಕೈಯಲ್ಲಿದ್ದ ಗಡಿಯಾರ ನೋಡಿ, ಇದು ಒಂದು ಬದಿಗೆ ಹಿಡಿಸುವುದಿಲ್ಲ ಎಂದ. ಹೆಚ್ಚು ಹೊತ್ತಿನ ಹಾಡು ತುರುಕಬೇಕಾದರೆ ಗೆರೆಗಳು ಒತ್ತೊತ್ತಾಗಿ ಬರಬೇಕು, ಒತ್ತೊತ್ತಾಗಿ ಬರಬೇಕಾದರೆ ಶಬ್ದ ಸಣ್ಣದಾಗಬೇಕು. ಆದ್ದರಿಂದ ಒಂದೋ ಈ ಬದಿಯಿಂದ ಒಂದು ಹಾಡು ತೆಗೆಯಿರಿ, ಇಲ್ಲವೋ ಇಡೀ ಬದಿಯನ್ನು ಶಬ್ದ ತಗ್ಗಿಸಿ ಮೆಲ್ಲಗೆ ಕೊರೆಯುತ್ತೇನೆ. ಮೆಲ್ಲಗಿನ ರೆಕಾರ್ಡನ್ನು ರೇಡಿಯೋದವರು ಎತ್ತಿ ಬದಿಗಿಡುತ್ತಾರೆ, ಅದು ನಿಮ್ಮಿಷ್ಟ. ನ್ಯೂಯಾರ್ಕಿನಿಂದ ಕಂಪನಿಯವನು ಫೋನು ಮಾಡಿ ಹೇಳಿದ್ದು ಒಂದೇ ಮಾತು ಎಂಬುದು ಮೂವರಿಗೂ ಗೊತ್ತಿತ್ತು: ಶಬ್ದ ಗಟ್ಟಿಯಾಗಿರಲಿ. ಇದೂ ಮುಳುಗಿದರೆ ಮೂರನೆಯದಕ್ಕೆ ಅವನು ಫೋನು ಮಾಡುವುದಿಲ್ಲ ಎಂಬುದೂ ಗೊತ್ತಿತ್ತು. ಡಾಮ್ ತಲೆ ಕೆರೆದುಕೊಂಡ. ಹೋದ ಬೇಸಿಗೆಯಲ್ಲಿ ಇದೇ ಹಾಡುಗಳನ್ನು ಸಭಾಂಗಣದಲ್ಲಿ ಬಾರಿಸಿದಾಗ ಇಷ್ಟು ಉದ್ದ ಇರಲಿಲ್ಲವಲ್ಲ ಎಂದ. ಆರ್ನೆಸನ್ ಜೇಬಿನಿಂದ ಸ್ಯಾಂಡ್‌ವಿಚ್ಚು ತೆಗೆದು, ಯಾವ ಕೆಟ್ಟ ಉದ್ದೇಶವೂ ಇಲ್ಲದೆ ಕೇಳಿದ.

“ಸ್ಟೇಜ್ ಮೇಲೂ ಇಷ್ಟು ನಿಧಾನಾನೇ ಬಾರಿಸ್ತೀರಾ?”

ಎಮಿಲನ ಕಿವಿ ಬಿಸಿಯಾಯಿತು. ನಮ್ಮದು ಭಾರದ ಸಂಗೀತ ಕಣ್ರೀ ಎಂದು ಡಾಮ್ ಹೇಳಿದ್ದು, ಆರ್ನೆಸನ್ ಹೌದೌದು ಎಂದು ಅಗಿದದ್ದು, ಎಲ್ಲ ಗಾಜಿನಾಚೆ ನಡೆದಂತೆ ಕೇಳಿಸಿತು. ಯಾವ ಹಾಡು ತೆಗೆಯುವುದು ಎಂದು ಯಾರೂ ಹೇಳಲಿಲ್ಲ. ಹೇಳುವ ಅಗತ್ಯವಿರಲಿಲ್ಲ. ಎರಡನೇ ಬದಿಯ ಕೊನೆಯಲ್ಲಿ, ರೆಕಾರ್ಡಿನ ಮುಳ್ಳು ನಡುವಿನ ಕಾಗದದ ಚಕ್ರಕ್ಕೆ ತೀರ ಹತ್ತಿರ ಬಂದು ಶಬ್ದ ಮಂಕಾಗುವಲ್ಲಿ, ಮಂಕಾದರೂ ನಡೆಯುತ್ತದೆ ಎನ್ನುವಂಥ ಹಾಡನ್ನು ಇಡುವುದು ವಾಡಿಕೆ. ಅಲ್ಲಿದ್ದದ್ದು ‘ಗುರುವಾರದ ಕೈಗಳು’. ಅದನ್ನು ಎತ್ತಿದರೆ ಬದಿ ಸರಿಹೋಗುತ್ತಿತ್ತು, ಅಳತೆ ತೆಗೆದು ಹೊಲಿದ ಹಾಗೆ.

ಮೂವರೂ ಹೊರಗಿನ ಓಣಿಗೆ ಬಂದು ಕಾಫಿ ಯಂತ್ರದ ಪಕ್ಕ ನಿಂತರು. ತಂಡದಲ್ಲಿ ಒಂದು ನಿಯಮವಿತ್ತು, ಡಾಮ್ ಮಾಡಿದ್ದು. ಯಾವ ಹಾಡು ಇರಬೇಕು, ಯಾವುದು ಬೇಡ ಎಂಬುದಕ್ಕೆ ಕೈ ಎತ್ತಬೇಕು. ತಾನು ಬರೆದ ಹಾಡಿಗೆ ತಾನು ಕೈ ಎತ್ತುವಂತಿಲ್ಲ. ಉಳಿದಿಬ್ಬರು ಎರಡು ದಾರಿ ಹಿಡಿದರೆ ಮಾತ್ರ ಬರೆದವನ ಮಾತು ನಡೆಯಬೇಕು. ಇಷ್ಟು ದಿನ ಎಲ್ಲ ಹಾಡುಗಳನ್ನೂ ಡಾಮ್‌ನೇ ಬರೆದಿದ್ದ, ಉಳಿದಿಬ್ಬರು ಎಲ್ಲಕ್ಕೂ ಕೈ ಎತ್ತಿದ್ದರು. ಹಾಗಾಗಿ ಇದು ತುಂಬ ನ್ಯಾಯವಾದ ನಿಯಮ ಎಂದು ಮೂವರೂ ಒಪ್ಪಿದ್ದರು. ಈಗ ಎಮಿಲ್ ಗೋಡೆಗೆ ಒರಗಿ, ತನ್ನ ಬಗ್ಗೆ ಮಾತಾಡುವ ಹಿರಿಯರ ಮುಂದೆ ನಿಂತ ಹುಡುಗನ ಹಾಗೆ ನೆಲ ನೋಡತೊಡಗಿದ. ಡಾಮ್ ಬೇಡ ಎನ್ನುತ್ತಾನೆ, ಲೊವೆಲ್ ಇರಲಿ ಎನ್ನುತ್ತಾನೆ ಎಂದು ಅವನು ಓಣಿಗೆ ಬರುವಷ್ಟರಲ್ಲೇ ಎಣಿಸಿದ್ದ. ಲೊವೆಲ್ ಅವನ ಗೆಳೆಯ. ಬಾಸ್ ಮತ್ತು ಡ್ರಮ್ಮು ಒಂದೇ ನೊಗದ ಎತ್ತುಗಳು. ಎಷ್ಟೋ ಸಂಜೆ ಅವರಿಬ್ಬರೂ ಮಾತಿಲ್ಲದೆ ಒಬ್ಬರ ಉಸಿರು ಒಬ್ಬರು ಹಿಡಿದುಕೊಂಡು ಬಾರಿಸಿದ್ದರು.

“ತೆಗೆಯೋಣಪ್ಪ,” ಎಂದ ಲೊವೆಲ್. “ಮುಂದಿನ ರೆಕಾರ್ಡಿಗೆ ಇಟ್ಕೊಳ್ಳೋಣ.”

ಮುಂದಿನ ರೆಕಾರ್ಡು ಇದ್ದರೆ ತಾನೆ. ಡಾಮ್ ಕಾಫಿಯ ಕಾಗದದ ಲೋಟವನ್ನು ಕೈಯಲ್ಲಿ ತಿರುಗಿಸುತ್ತಿದ್ದ. ಅವನಿಗೆ ಏನೋ ನೋಯುತ್ತಿದ್ದ ಹಾಗೆ ಕಾಣಿಸಿತು.

“ಇರಲಿ,” ಎಂದ ಡಾಮ್. “ನನ್ನ ಓಟು ಇರಲಿ ಅಂತ.”

ಇಬ್ಬರೂ ಎಮಿಲನ ಕಡೆ ನೋಡಿದರು. ಅವನ ಬಾಯಿಗೆ ಮಾತು ಆಗಲೇ ಬಂದಿತ್ತು: ತೆಗೆಯಿರಿ. ಎಷ್ಟು ಸಲೀಸಾಗಿ ಬಂದಿತ್ತು. ಊಟದ ಮೇಜಿನಲ್ಲಿ ಕೊನೆಯ ತುಂಡು ನನಗೆ ಬೇಡ ಎನ್ನುವವನು ಅವನು, ಬಸ್ಸಿನಲ್ಲಿ ಎದ್ದು ನಿಲ್ಲುವವನು, ಫೋಟೋದಲ್ಲಿ ಹಿಂದೆ ಸರಿಯುವವನು. ಎಮಿಲನಷ್ಟು ಒಳ್ಳೆಯವನಿಲ್ಲ ಎಂದು ಜನ ಹೇಳುವುದನ್ನು ಕೇಳಿಸಿಕೊಳ್ಳದವನಂತೆ ಕೇಳಿಸಿಕೊಂಡವನು. ತೆಗೆಯಿರಿ ಎಂದರೆ ಡಾಮ್ ಅವನ ಬೆನ್ನು ತಟ್ಟುತ್ತಾನೆ. ಅಮ್ಮನಿಗೆ, ಏನು ಮಾಡುವುದು ಅಮ್ಮ, ಜಾಗ ಇರಲಿಲ್ಲ ಎನ್ನಬಹುದು. ಅವಳು ಹೆಂಗಸರಿಗೆ ಏನಾದರೂ ಹೇಳಿಕೊಳ್ಳುತ್ತಾಳೆ. ಎಲ್ಲಕ್ಕಿಂತ ಹೆಚ್ಚಾಗಿ, ಚಳಿಗಾಲವಿಡೀ ಎಳೆದು ಎಳೆದು ಈ ಬದಿಯನ್ನು ಉದ್ದ ಮಾಡಿದ ಕಾಲಿಗೆ ಸರಿಯಾದ ದಂಡವಾಗುತ್ತದೆ. ಕದ್ದದ್ದನ್ನು ಯಾರಿಗೂ ತಿಳಿಯದ ಹಾಗೆ ತಿರುಗಿ ಇಟ್ಟಂತೆ. ಈ ಯೋಚನೆ ಬಂದದ್ದೇ ಅವನಿಗೆ ತನ್ನ ಮೇಲೆ ಹೇಸಿಗೆಯಾಯಿತು. ದಂಡವನ್ನೂ ತಾನೇ ವಿಧಿಸಿಕೊಂಡು, ತಾನೇ ಕಟ್ಟಿ, ರಸೀದಿಯನ್ನೂ ತಾನೇ ಬರೆದುಕೊಂಡು ಮನೆಗೆ ಹೋಗಿ ಹಾಯಾಗಿ ನಿದ್ದೆ ಮಾಡುವ ಈ ಒಳ್ಳೆಯತನಕ್ಕೆ, ಸೇತುವೆಯ ಮೇಲೆ ಹೆಲ್ಮೆಟ್ಟಿನ ಪಟ್ಟಿ ಲೆಕ್ಕ ಹಾಕಿದವನದೇ ಮುಖವಿತ್ತು. ಹಾಗೆಂದು, ಏನೂ ಹೇಳದೆ ಇರಲಿ ಎಂದರೆ? ಅದು ಕಳ್ಳತನದ ಮೇಲೆ ಇನ್ನೊಂದು ಕಳ್ಳತನ. ಅವನ ಹಾಡಿಗಾಗಿ ಡಾಮ್‌ನ ಹಾಡುಗಳೆಲ್ಲ ಮೆಲ್ಲಗಾಗಬೇಕು.

ಅಷ್ಟರಲ್ಲಿ ಒಳಗೆ ಆರ್ನೆಸನ್, ಕಾಯುವುದಕ್ಕೆ ಬೇಸರವಾಗಿಯೋ ಏನೋ, ಟೇಪನ್ನು ಹಿಂದಕ್ಕೆ ಓಡಿಸಿ ಕೊನೆಯ ಹಾಡನ್ನು ಹಾಕಿದ. ಅರೆತೆರೆದ ಬಾಗಿಲಿನಿಂದ ಅದು ಓಣಿಗೆ ಬಂತು. ತನ್ನ ದನಿಯನ್ನು ಎಮಿಲ್ ಹೀಗೆ, ಬೇರೆ ಕೋಣೆಯಿಂದ, ಪಕ್ಕದ ಮನೆಯವನದೆಂಬಂತೆ ಕೇಳಿದ್ದೇ ಇರಲಿಲ್ಲ. ಚೆನ್ನಾಗಿರಲಿಲ್ಲ ಅದು, ಮೂಗಿನಲ್ಲಿ ಸಿಕ್ಕಿಕೊಂಡ, ಏನನ್ನೋ ಕೇಳಲು ಬಂದು ಬಾಗಿಲಲ್ಲೇ ನಿಂತವನ ದನಿ. ಆದರೆ ಅದರ ಕೆಳಗೆ ಡ್ರಮ್ಮು ಎರಡು ಸಲ ಹಾಯ್ದು, ಒಂದು ಸಲ ಕುಟ್ಟಿ, ಬಿಡುವು ಕೊಡುತ್ತಿತ್ತು, ಮತ್ತು ಆ ಬಿಡುವು ಎಷ್ಟಿರಬೇಕೋ ಅಷ್ಟಿತ್ತು. ಅವನು ತನ್ನ ಬಲಗಾಲಿನ ಕಡೆ ನೋಡಿದ. ಅದೇ ಕಾಲು, ಅದೇ ದಣಿದ ಬೆಳಗುಗಳು. ಇಲ್ಲಿ ಅದು ತಡವಾಗಿ ಬಂದಿರಲಿಲ್ಲ. ಇಲ್ಲಿ ಅದು ಮೊದಲೇ ಬಂದು ಹಲಗೆಯ ಕೆಳಗೆ ಕೂತಿತ್ತು.

“ಹಾಡು ಇರಲಿ,” ಎಂದ. ದನಿ ತನಗೇ ಗಟ್ಟಿಯಾಗಿ ಕೇಳಿಸಿತು. “ಆದ್ರೆ ಬದಿ ಉದ್ದ ಆಗಿದ್ದು ನನ್ನಿಂದ. ಎಲ್ಲ ಹಾಡೂ ಎಳೆದಿದೀನಿ. ಜನವರಿಯಿಂದ ನಾನು ಮತ್ತೆ ಕಾರ್ಖಾನೆಗೆ ಹೋಗ್ತಾ ಇದೀನಿ ಡಾಮ್. ರಾತ್ರಿಪಾಳಿ.”

ಒಳಗೆ ಹಾಡು ನಡೆದೇ ಇತ್ತು. ಡಾಮ್ ಲೋಟದೊಳಗೆ ನೋಡುತ್ತ ನಿಂತ. ಹೊಡೆಯುತ್ತಾನೆ ಎಂದು ಎಮಿಲನಿಗೆ ಒಂದು ಗಳಿಗೆ ಅನ್ನಿಸಿತು. ಹೊಡೆದರೆ ಒಳ್ಳೆಯದು ಎಂದೂ ಅನ್ನಿಸಿತು.

“ಹಸಿರು ಕೊಟ್ನಾ?” ಎಂದ ಡಾಮ್.

“ಏನು?”

“ಹೆಲ್ಮೆಟ್ಟು ಕಣೋ. ಹಸಿರಾ?”

“ಹಸಿರು.”

“ನಂಗೆ ಅದನ್ನೂ ಕೊಡ್ಲಿಲ್ಲ,” ಎಂದ ಡಾಮ್.

ಆಮೇಲೆ ಅದು ತುಂಡು ತುಂಡಾಗಿ ಹೊರಗೆ ಬಂತು, ಮತ್ತು ಡಾಮ್ ಅದನ್ನು ಹೇಳುತ್ತ ಹೇಳುತ್ತ ತನ್ನ ಮಾಮೂಲಿ ದನಿಗೆ ಏರಿದ, ಯಾಕೆಂದರೆ ಎಂಥ ಅವಮಾನವನ್ನೂ ಕತೆ ಮಾಡಿ ಹೇಳದೆ ಇರಲು ಅವನಿಗೆ ಬಾರದು. ಫೆಬ್ರವರಿಯಲ್ಲಿ ಅವನೂ ಮೆಕ್‌ಕ್ರೆಡಿಯ ಬಾಗಿಲಿಗೆ ಹೋಗಿದ್ದ. ಆದರೆ ಮೊದಲ ಆಲ್ಬಮ್ಮಿನಲ್ಲಿ ಮೇಸ್ತ್ರಿಯ ನಡಿಗೆಯನ್ನು ಆಡಿಕೊಂಡ ಹಾಡೊಂದಿತ್ತು, ಹೆಸರಿಲ್ಲದಿದ್ದರೂ ಊರಿಗೆಲ್ಲ ಗೊತ್ತಿತ್ತು, ಮತ್ತು ಆ ಆಲ್ಬಮ್ಮನ್ನು ಕೊಂಡ ಬೆರಳೆಣಿಕೆಯ ಜನರಲ್ಲಿ ಮೇಸ್ತ್ರಿಯ ಹೆಂಡತಿಯೂ ಒಬ್ಬಳು. ನಿನ್ನ ಡ್ರಮ್ಮಿನವನನ್ನು ತಗೊಂಡಿದ್ದೇನೆ, ಅವನು ಬಾಯಿ ಮುಚ್ಚಿಕೊಂಡಿರುತ್ತಾನೆ. ನಿನ್ನನ್ನು ತಗೊಳ್ಳುವುದಿಲ್ಲ ಎಂದು ಮೆಕ್‌ಕ್ರೆಡಿ ಬಾಗಿಲು ಹಾಕಿದ್ದ. ಅಂದಿನಿಂದ ಡಾಮ್‌ಗೆ ಎಲ್ಲ ಗೊತ್ತು. ಬೆಳಿಗ್ಗೆ ಬೆಳಿಗ್ಗೆ ಎಮಿಲ್ ಕೆಂಪು ಕಣ್ಣು ಮಾಡಿಕೊಂಡು ಬಂದು ಕೂತಾಗಲೆಲ್ಲ ಅವನಿಗೆ ಒಂದೇ ಯೋಚನೆ: ಇವನಿಗೆ ಸಿಕ್ಕಿತು, ನನಗೆ ಸಿಗಲಿಲ್ಲ.

“ಈಗ ಅವನು ಹಾಡು ತೆಗೀಬೇಕು ಅಂದಾಗ,” ಎಂದ ಡಾಮ್, ಒಳಗಿನ ಕಡೆ ಗದ್ದ ಎತ್ತಿ, “ನಂಗೆ ಒಳಗೊಳಗೇ ಎಷ್ಟು ಖುಷಿ ಆಯ್ತು ಗೊತ್ತಾ? ನಿಂದು ಹೋಗ್ಲಿ ಅಂತ. ಅಷ್ಟು ಆಸೆ ಇತ್ತಲ್ಲ, ಅದಕ್ಕೇ ಇರಲಿ ಅಂದೆ. ಇಲ್ದಿದ್ರೆ ನಾನು ಮನುಷ್ಯನಾ?”

ಎಮಿಲನಿಗೆ ನಗು ಬಂತು, ಅದನ್ನು ಎಲ್ಲಿ ಇಡಬೇಕೆಂದು ತಿಳಿಯಲಿಲ್ಲ. ಅವನು ಲೊವೆಲ್‌ನ ಕಡೆ ತಿರುಗಿದ. ಈ ಊರಿನಲ್ಲಿ ಎಲ್ಲರಿಗೂ ಎಲ್ಲರ ಗುಟ್ಟೂ ಗೊತ್ತಿರುತ್ತದೆ, ಗೊತ್ತಿದೆ ಎಂಬುದೊಂದೇ ಗುಟ್ಟಾಗಿ ಉಳಿಯುವುದು ಎಂಬುದು ಅವನಿಗೆ ಹೊಳೆಯುತ್ತಿತ್ತು. ಲೊವೆಲ್ ಬೂಟಿನ ತುದಿಯಿಂದ ನೆಲದ ಮೇಲಿನ ಕಲೆಯೊಂದನ್ನು ಒರೆಸುತ್ತಿದ್ದ. ನಿನಗೂ ಗೊತ್ತಿತ್ತಾ ಎಂದರೆ ತಲೆಯಾಡಿಸಿದ. ಡ್ರಮ್ಮಿನ ಕಾಲುಹಲಗೆಯ ಮೇಲೆ ದಿನಾ ಕುಲುಮೆಯ ಕಿಟ್ಟ ಬಿದ್ದಿರುತ್ತಿತ್ತಂತೆ, ಡಾಮ್ ಬರುವ ಮೊದಲು ಅವನೇ ಒರೆಸಿಡುತ್ತಿದ್ದನಂತೆ. ಬಾಸನ್ನೂ ಎಮಿಲನ ಕಾಲಿನ ಜೊತೆಗೇ ಹಿಂದಕ್ಕೆ ಎಳೆದುಕೊಂಡು ನುಡಿಸಿದನಂತೆ, ಕೇಳುವವರಿಗೆ ಒಂದೇ ಅನ್ನಿಸಲಿ ಎಂದು. ಇಷ್ಟು ಮಾತು ಅವನು ಒಂದು ವಾರದಲ್ಲೂ ಆಡುತ್ತಿರಲಿಲ್ಲ.

“ಮತ್ತೆ ಯಾಕೆ ತೆಗೆಯೋಣ ಅಂದೆ?”

ಲೊವೆಲ್ ಕಲೆ ಒರೆಸುವುದನ್ನು ನಿಲ್ಲಿಸಿದ. “ಅದೊಂದೇ ಹಾಡು ಸರಿಯಾದ ನಡೆಯಲ್ಲಿ ಇರೋದು. ಅದು ಪಕ್ಕದಲ್ಲಿದ್ರೆ ಬೇರೆದೆಲ್ಲ ನಿಧಾನ ಆಗಿದೆ ಅಂತ ಗೊತ್ತಾಗ್ಬಿಡ್ತದೆ. ನಿನ್ನ ಮಾನ ಹೋಗ್ತದಲ್ಲಪ್ಪ ಅಂತ.”

ಮಾನ ಉಳಿಸಲು ಹಾಡು ತೆಗೆಯಲು ಹೊರಟವನು ಒಬ್ಬ, ಹಾಡು ಹೋಗಲಿ ಎಂಬ ಆಸೆಯಾದದ್ದಕ್ಕೇ ಹಾಡು ಉಳಿಸಿದವನು ಇನ್ನೊಬ್ಬ. ಎಮಿಲನಿಗೆ ಇಬ್ಬರ ಮೇಲೂ ಸಿಟ್ಟು ಬರಬೇಕಿತ್ತು, ಬದಲಿಗೆ ಅವನು ಹಾಗೇ ಗೋಡೆಗುಂಟ ಜಾರಿ ನೆಲದ ಮೇಲೆ ಕೂತ. ಮತ್ತೆ ಬಾರಿಸೋಣವೇ, ಎಲ್ಲವನ್ನೂ, ಸರಿಯಾಗಿ ಎಂದ. ಅದು ಆಗದು ಎಂಬುದು ಅವನಿಗೂ ಗೊತ್ತಿತ್ತು. ಕಂಪನಿ ಸ್ಟುಡಿಯೋ ಕೊಟ್ಟ ದಿನಗಳು ಮುಗಿದಿದ್ದವು. ಡಾಮ್ ಲೋಟವನ್ನು ಹಿಸುಕಿ ಬುಟ್ಟಿಗೆ ಎಸೆದ. ಅದು ಬುಟ್ಟಿಯಾಚೆ ಬಿತ್ತು. ಬಾಗಿಲಿಗೆ ಹೋಗಿ, ಎಲ್ಲ ಹಾಡೂ ಇರುತ್ತದೆ, ಮೆಲ್ಲಗೇ ಕೊರೆಯಿರಿ ಎಂದು ಆರ್ನೆಸನ್‌ಗೆ ಹೇಳಿದ. ರೇಡಿಯೋದವರು ಎಂದು ಆರ್ನೆಸನ್ ಶುರುಮಾಡಿದ.

“ಜನ ಗುಂಡಿ ತಿರುಗಿಸಿಕೊಳ್ಳಲಿ ರೀ,” ಎಂದ ಡಾಮ್. “ಕೈ ಇಲ್ವಾ ಅವರಿಗೆ?”

ಕೊರೆಯುವುದನ್ನು ಅವರು ಗಾಜಿನ ಈಚೆ ನಿಂತು ನೋಡಿದರು. ಮಿರಿಮಿರಿ ಕಪ್ಪು ತಟ್ಟೆಯ ಮೇಲೆ ಸೂಜಿ ಇಳಿದು, ಅದರ ಬಾಯಿಂದ ಕೂದಲಿನಂಥ ಎಳೆಯೊಂದು ಎದ್ದು ಕೊಳವೆಯೊಳಗೆ ಹೀರಿಹೋಗುತ್ತಿತ್ತು; ತಾವು ಬಾರಿಸಿದ್ದು ಯಾವುದು, ಉಳಿದದ್ದೋ ಹೀರಿಹೋದದ್ದೋ ಎಂದು ಎಮಿಲನಿಗೆ ಗೊಂದಲವಾಯಿತು. ಅಚ್ಚಿಗೆ ಹೋಗುವ ತಟ್ಟೆಯನ್ನು ಪೆಟ್ಟಿಗೆಯಲ್ಲಿಟ್ಟು ಮುಚ್ಚಿದ ಮೇಲೆ ಆರ್ನೆಸನ್ ಅದರದೇ ಇನ್ನೊಂದನ್ನು, ಮನೆಯಲ್ಲಿ ಸಾಧಾರಣ ಯಂತ್ರದ ಮೇಲೆ ಹಾಕಿ ಕೇಳಿ ನೋಡಲೆಂದು, ಅವರ ಕೈಗೆ ಕೊಟ್ಟ. ಇದು ಮೆತ್ತಗಿನ ಮೆರುಗಿನದು, ಮುಳ್ಳು ಹಾಯ್ದ ಹಾಗೆಲ್ಲ ಸವೆಯುತ್ತದೆ. ಮೊದಲು ಕಂಚಿನ ತಾಳದ ದನಿ ಹೋಗುತ್ತದೆ, ಆಮೇಲೆ ಸಕಾರ ಶಕಾರಗಳು. ಕೆಲವು ಸಲ ಕೇಳಿ, ಅಷ್ಟೇ ಎಂದ. ನೀನೇ ತಗೊಂಡು ಹೋಗು, ಕಡುಬಿನವರಿಗೆ ಕೇಳಿಸು, ರೇಡಿಯೋದವರು ಎಲ್ಲಿಗೆ ಹೋಗ್ತಾರೆ ಎಂದು ಡಾಮ್ ಅದನ್ನು ವ್ಯಾನಿನಲ್ಲಿ ಕೂತಿದ್ದ ಎಮಿಲನ ತೊಡೆಯ ಮೇಲಿಟ್ಟು ತಾನೂ ಹತ್ತಿದ. ವಾಪಸ್ಸು ಬರುವ ದಾರಿಯಲ್ಲಿ ನೈಲ್ಸ್ ಎಂಬ ಊರು ದಾಟುವಾಗ ಹಿಂದಿನಿಂದ ಲೊವೆಲ್ ಒಬ್ಬನೇ ನಕ್ಕ. ಬೆಳಗಿನ ಕೋಳಿಯ ತಮಾಷೆ ಅವನನ್ನು ಈಗ ತಲುಪಿತ್ತೋ ಏನೋ.

ನೆಲಮಾಳಿಗೆಯಲ್ಲಿ ಬೆಂದ ಆಲೂಗಡ್ಡೆಯ, ಬೆಣ್ಣೆಯಲ್ಲಿ ಕಂದಿದ ಈರುಳ್ಳಿಯ ಹಬೆ ತುಂಬಿತ್ತು. ಹೆಂಗಸರು ತಲೆ ಎತ್ತದೆಯೇ ಅವನು ಬಂದದ್ದನ್ನು ನೋಡಿದರು. ಅಮ್ಮ ಮಾತ್ರ ಹಿಟ್ಟಿನ ಕೈ ಏಪ್ರನ್ನಿಗೆ ಒರೆಸಿಕೊಂಡು ಎದ್ದಳು, ಅವನ ಕೈಯಲ್ಲಿದ್ದ ಚೌಕದ ಪೊಟ್ಟಣ ನೋಡಿದಳು, ಆಮೇಲೆ ಅವನ ಮುಖ ನೋಡಿದಳು. ಹಾಡು ಇದೆಯಾ ಎಂದು ಅವಳು ಕೇಳಲಿಲ್ಲ. ಇದೆ ಅಮ್ಮ ಎಂದು ಅವನೇ ಹೇಳಿದ. ಹಲಗೆಯ ತಲೆಯಲ್ಲಿ ಕೂತು ಎಲ್ಲರ ಅಂಚುಗಳ ಮೇಲೆ ಕಣ್ಣಿಟ್ಟಿದ್ದ ಸಾಬೋಲ್ ಅಜ್ಜಿ, ಇದಕ್ಕೇನಾ ಕಾರ್ಖಾನೆ ಬಿಟ್ಟದ್ದು ಎಂದಳು. ಬಿಟ್ಟಿಲ್ಲ ಅಜ್ಜಿ, ಹೋಗ್ತಾ ಇದೀನಿ ಎಂದ ಎಮಿಲ್, ಕೇಳುವಷ್ಟು ಗಟ್ಟಿಯಾಗಿ. ಗೊತ್ತು, ನಿನ್ನ ಬಾಯಿಂದ ಬರ್ತದಾ ನೋಡಿದೆ ಎಂದಳು ಅಜ್ಜಿ, ಮತ್ತು ಪಕ್ಕದವಳ ಪಿರೋಹಿಯೊಂದನ್ನು ಎತ್ತಿ ಅಂಚು ಬಿಟ್ಟಿದೆ ಎಂದು ತೋರಿಸಿದಳು.

ಚರ್ಚಿನ ಮದುವೆಗಳಲ್ಲಿ ಕುಣಿತಕ್ಕೆ ಹಾಕುವ ಹಳೆಯ ರೆಕಾರ್ಡು ಯಂತ್ರ ಮೂಲೆಯಲ್ಲಿತ್ತು. ಕುಣಿಯುವವರ ಕಾಲಿಗೆ ನೆಲ ಅದುರಿ ಮುಳ್ಳು ಹಾರಬಾರದೆಂದು ಅದರ ಮುಳ್ಳು ಹಿಡಿದ ಕೈಯ ತಲೆಗೆ ಯಾರೋ ಎಂದೋ ಒಂದು ನಾಣ್ಯ ಅಂಟಿಸಿದ್ದರು. ಈ ಭಾರಕ್ಕೆ ಮೆತ್ತಗಿನ ತಟ್ಟೆ ತಡೆಯುವುದಿಲ್ಲ ಎಂಬುದು ಎಮಿಲನಿಗೆ ಗೊತ್ತಿತ್ತು. ನಾಣ್ಯ ತೆಗೆದು ನೋಡಿದ. ಲಟ್ಟಣಿಗೆಗಳ ಏಟಿಗೆ ಮುಳ್ಳು ಎರಡನೇ ಗೆರೆಯಲ್ಲೇ ಹಾರಿ ಬಿತ್ತು. ಲಟ್ಟಿಸುವುದನ್ನು ನಿಲ್ಲಿಸಿ ಎಂದು ಆ ಹೆಂಗಸರಿಗೆ ಹೇಳುವ ಗಂಡಸು ಇನ್ನೂ ಹುಟ್ಟಿರಲಿಲ್ಲ. ನಾಣ್ಯವನ್ನು ಮತ್ತೆ ಅಂಟಿಸಿ ಎರಡನೇ ಬದಿ ಹಾಕಿದ. ಡಾಮ್ ಹಾಡತೊಡಗಿದ, ಎಲ್ಲೋ ಎರಡು ಮನೆಯ ಆಚೆ. ಪಾತ್ರೆಗಳ ಸದ್ದಿನಲ್ಲಿ ಅವನ ಅಬ್ಬರವೆಲ್ಲ ನೆರೆಮನೆಯ ಜಗಳದ ಹಾಗೆ, ಸಿಟ್ಟಿದೆ ಎಂದು ಗೊತ್ತಾಗುವಷ್ಟು ಮಾತ್ರ ಕೇಳಿಸುತ್ತಿತ್ತು. ಈ ಮೆಲುಪು ತನ್ನದು, ಇದು ಪ್ರತಿ ಅಂಗಡಿಗೆ, ಪ್ರತಿ ಮನೆಗೆ ಹೀಗೇ ಹೋಗುತ್ತದೆ ಎಂದು ಎಮಿಲ್ ಮೈ ಹಿಡಿ ಮಾಡಿಕೊಂಡು ನಿಂತ. ಕೇಳಿಸುವುದಿಲ್ಲ ಎಂದು ಯಾರೋ ಗೊಣಗಿದರು. ಅಮ್ಮ ಎದ್ದು ಬಂದು, ಹಿಟ್ಟು ಮೆತ್ತಿದ ಬೆರಳಿನಿಂದ ಗುಂಡಿಯನ್ನು ಹಿಡಿದು, ಅದು ನಿಲ್ಲುವ ತನಕ ತಿರುಗಿಸಿದಳು. ಅಷ್ಟೇ. ಕೊರಕೊರ ಸದ್ದು ಎದ್ದಿತು, ಅದರ ಮೇಲೆ ಡಾಮ್ ಎದ್ದ. ಅವಳು ಹೋಗಿ ಕೂತಳು. ಗುಂಡಿಯ ಮೇಲೆ ಬಿಳಿಯ ಹೆಬ್ಬೆಟ್ಟಿನ ಗುರುತು ಉಳಿಯಿತು.

ಡಾಮ್‌ನ ಹಾಡುಗಳು ನಿಧಾನವಾಗಿ ನಡೆದವು, ನಿಜಕ್ಕೂ ನಿಧಾನವಾಗಿ. ಹೆಂಗಸರು ಅವನ್ನು ಅತಿಥಿಗಳನ್ನು ಸಹಿಸುವಂತೆ ಸಹಿಸಿದರು, ಅವರ ಲಟ್ಟಣಿಗೆಗಳು ಡ್ರಮ್ಮಿಗಿಂತ ಮುಂದೆ ಮುಂದೆ ಹೋಗುತ್ತಿದ್ದವು. ಆಮೇಲೆ ಮುಳ್ಳು ನಡುವಿನ ಕಾಗದದ ಹತ್ತಿರ ಬಂತು. ಎರಡು ಸಲ ಹಾಯುವುದು, ಒಂದು ಸಲ ಕುಟ್ಟುವುದು. ಹೆಂಗಸರು ಕೆಲಸ ನಿಲ್ಲಿಸಲಿಲ್ಲ, ನಿಲ್ಲಿಸುವರೆಂದು ಅವನು ಎಣಿಸಿಯೂ ಇರಲಿಲ್ಲ. ಆದರೆ ಹಲಗೆಯ ಮೇಲಿನದು ಯಾವುದು, ಯಂತ್ರದೊಳಗಿನದು ಯಾವುದು ಎಂದು ಒಂದಷ್ಟು ಹೊತ್ತು ಬೇರೆ ಮಾಡಲಾಗಲಿಲ್ಲ. ಬಿಡುವು ಬಂದಾಗಲೆಲ್ಲ ಬೆರಳುಗಳು ಅಲ್ಲಿದ್ದವು. ಹಾಡು ಮುಗಿದು, ಮುಳ್ಳು ಖಾಲಿ ಗೆರೆಯಲ್ಲಿ ಸುತ್ತುತ್ತ ಟಕ್ ಟಕ್ ಎನ್ನತೊಡಗಿತು. ಅಮ್ಮ ತಲೆ ಎತ್ತಲಿಲ್ಲ. ಅವಳ ಕೈಯಲ್ಲಿದ್ದ ಪಿರೋಹಿಯ ಅಂಚು ಒತ್ತಿ ಒತ್ತಿ ಕಾಗದದಷ್ಟು ತೆಳುವಾಗಿತ್ತು.

“ಇದು ನಮ್ಮ ಮೇಲೆ ಅಂತೀಯ?” ಎಂದಳು ಸಾಬೋಲ್ ಅಜ್ಜಿ.

“ಹೌದಜ್ಜಿ.”

“ಹಂಗಾದ್ರೆ ಇನ್ನೊಂದು ಸಲ ಹಾಕು. ಸರಿಯಾಗಿದೆಯಾ ನೋಡೋಣ.”

ಅವನು ಮುಳ್ಳನ್ನು ಎತ್ತಿ ಹಿಂದಕ್ಕೆ ಇಟ್ಟ. ಕಂಚಿನ ತಾಳ ಆಗಲೇ ಸ್ವಲ್ಪ ಮಂಕಾಗಿತ್ತು, ಅವನ ಕಿವಿಗೆ ತಿಳಿಯುವಷ್ಟು. ಮೂರನೇ ಸಲಕ್ಕೆ ತಾಳ ದೂರದ ಮಳೆಯ ಹಾಗಾಯಿತು. ಆಮೇಲೆ, ಆರ್ನೆಸನ್ ಹೇಳಿದ ಹಾಗೆಯೇ, ಅವನ ದನಿಯಿಂದ ಸಕಾರ ಶಕಾರಗಳು ಉದುರತೊಡಗಿದವು. ಹಲ್ಲಿಲ್ಲದ ಮುದುಕನೊಬ್ಬ ಹಾಡುತ್ತಿದ್ದಂತೆ ಕೇಳಿತು, ಅದೇ ಮುಂಚಿನದಕ್ಕಿಂತ ಚೆನ್ನಾಗಿತ್ತು. ಕೊನೆಗೆ ಕೆಳಗಿನ ಡ್ರಮ್ಮೊಂದೇ, ದಣಿದ ಬಲಗಾಲಿನ ಆ ಒಂದೇ ಏಟು, ಯಾವ ಮುಳ್ಳೂ ಕೆರೆದು ತೆಗೆಯಲಾರದಷ್ಟು ತಳದಲ್ಲಿ ಕೂತಿತ್ತು. ಅಜ್ಜಿ ಸರಿಯಾಗಿದೆ ಎಂದೂ ಹೇಳಲಿಲ್ಲ, ಸಾಕು ಎಂದೂ ಹೇಳಲಿಲ್ಲ. ಎಮಿಲ್ ಒಂದು ಕೈ ಯಂತ್ರದ ಮೇಲಿಟ್ಟುಕೊಂಡು, ಇನ್ನೊಂದು ಕೈಯಿಂದ ತನ್ನ ಮುಂದೆ ಯಾರೋ ತಂದಿಟ್ಟ ಬಿಸಿ ಪಿರೋಹಿ ತಿನ್ನುತ್ತ, ಹಾಡು ಮುಗಿಯುವುದನ್ನೇ ಕಾದಿದ್ದು, ಮತ್ತೆ ಹಾಕಿದ.